‘ಹೌದು’ ಒತ್ತಿದರೆ ಮಾತ್ರ

ಇದು ಮೂರನೆಯ ಸಲ. ಸಂಜೀವಕುಮಾರ ಬಸವಕಲ್ಯಾಣದ ಬಸ್ಸಿನಿಂದ ಇಳಿದು ಹುಮನಾಬಾದಿನ ಕಣ್ಣಿನ ದವಾಖಾನೆಗೆ ಬಂದು ನೋಡಿದರೆ, ಕಂಪ್ಯೂಟರಿನಲ್ಲಿ ಮತ್ತೆ ಅದೇ ಕಪ್ಪು ಪರದೆ, ಅದೇ ಹಸಿರು ಅಕ್ಷರ. ಅವನು ತಿಂಗಳುಗಟ್ಟಲೆ ಕೂತು ಬರೆದು, ಹೋದ ವಾರ ಹಾಕಿಕೊಟ್ಟಿದ್ದ ಹೊಸ ಪ್ರೋಗ್ರಾಮನ್ನು ಯಾರೋ ಬದಿಗೆ ತಳ್ಳಿ, ಹಳೆಯದನ್ನು ಎಬ್ಬಿಸಿ ಕೂರಿಸಿದ್ದರು.

"ಯಾರ್ರಿ ಇದನ್ನ ಮಾಡಿದವರು?"

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವರೂ ಅಲ್ಲಿರಲಿಲ್ಲ. ಕಂಪೌಂಡರ್ ಬಸವಣಪ್ಪ ಔಷಧದ ಬಾಟಲಿಗಳನ್ನು ಸುಮ್ಮನೆ ಆಚೆಯಿಂದ ಈಚೆಗಿಟ್ಟ. ಆಯಾ ಚಂದಮ್ಮ ಒರೆಸಿದ ನೆಲವನ್ನೇ ಮತ್ತೆ ಒರೆಸಿದಳು. ರೋಗಿಗಳ ಹೆಸರು ಹಚ್ಚುವ ಸರ್ವರಿ ಕಿಟಕಿಯ ಕಡೆ ನೋಡುತ್ತ ಕೂತಿದ್ದಳು.

ಸಂಜೀವಕುಮಾರನಿಗೆ ಸಾಕುಸಾಕಾಗಿತ್ತು. ಇಸವಿ ಎರಡು ಸಾವಿರದ ಮೂರು. ಹಳೆಯ ಪ್ರೋಗ್ರಾಮಿಗೆ ಶತಮಾನ ಬದಲಾದದ್ದೇ ತಿಳಿದಿರಲಿಲ್ಲ. ಅದರ ಪಾಲಿಗೆ ಇದು ಇನ್ನೂ ಸಾವಿರದ ಒಂಬೈನೂರ ಮೂರು. ಕೊಹಿನೂರಿನ ಮುದುಕಿ ಪೊರೆ ತೆಗೆಸಲು ಬಂದರೆ, ಚೀಟಿಯಲ್ಲಿ ಅವಳ ವಯಸ್ಸು ಮೈನಸ್ ಮೂವತ್ತೈದು. "ಆಯಿ, ನೀ ಇನ್ನೂ ಹುಟ್ಟೇ ಇಲ್ಲ" ಎಂದು ಬಸವಣಪ್ಪ ಚೇಷ್ಟೆ ಮಾಡುತ್ತ ಪೆನ್ನಿನಲ್ಲಿ ತಿದ್ದಿಕೊಡುತ್ತಿದ್ದ. ಚೇಷ್ಟೆ ಅಲ್ಲಿಗೇ ಮುಗಿಯುತ್ತಿತ್ತು. ಆಪರೇಷನ್ನು ನಡೆಯುವುದು ಬಸವಕಲ್ಯಾಣದ ದೊಡ್ಡ ದವಾಖಾನೆಯಲ್ಲಿ. ಅಲ್ಲಿ ಹೊಸ ಪ್ರೋಗ್ರಾಮು ಬಂದು ವರ್ಷವಾಗಿತ್ತು. ಇಲ್ಲಿ ಹಚ್ಚಿದ ಹೆಸರು ಅಲ್ಲಿ ಸಿಗದೆ, ಕಣ್ಣು ಕಾಣದ ಜನ ಬಸ್ಸು ಹತ್ತಿ ವಾಪಸು ಬರುತ್ತಿದ್ದರು.

ವಿಚಿತ್ರವೆಂದರೆ, ಹಳೆಯದನ್ನು ತೆಗೆಯಿರಿ ಎಂದು ತಗಾದೆ ಮಾಡಿದ್ದೂ ಹುಮನಾಬಾದಿನವರೇ. ಯಾರೋ ಹೆಸರು ಹೇಳದೆ ಬಸವಕಲ್ಯಾಣದ ಆಫೀಸಿಗೆ ವರ್ಷಗಳಿಂದ ಫೋನು ಮಾಡುತ್ತಿದ್ದರಂತೆ. "ಕೇಳೋರೂ ಅವರೇ, ಕೆಡಸೋರೂ ಅವರೇ" ಎಂದು ಗೊಣಗಿ ಮೇಲಿನವರು ಇವನನ್ನು ಅಟ್ಟಿದ್ದರು.

ಅವನು ಹೊಸದನ್ನು ಮತ್ತೆ ಹಾಕಿ ಊಟಕ್ಕೆ ಹೊರಟ. ಅರ್ಧ ದಾರಿಯಲ್ಲಿ ಏನೋ ಅನುಮಾನ ಬಂದು ಹಿಂತಿರುಗಿದ. ಬಾಗಿಲಲ್ಲಿ ಚಂದಮ್ಮ ಜೋರಾಗಿ ಕೆಮ್ಮಿದಳು. ಒಳಗೆ ಕಂಪ್ಯೂಟರಿನ ಮುಂದೆ ಬಸವಣಪ್ಪ.

"ಏನ್ ಮಾಡಾಕತ್ತೀರಿ?"

"ಸಿಕ್ಕಿಬಿದ್ದೆ ನೋಡ್ರಿ, ಸಾಹೇಬ್ರ" ಎಂದ ಬಸವಣಪ್ಪ, ನಾಚಿಕೆಯೇ ಇಲ್ಲದೆ. "ಮೂರೂ ಸಲ ನಾನೇ. ಚಂದಮ್ಮ ಬಾಗಲಾ ಕಾಯ್ತಾಳ. ಸರ್ವರಿ ಭಾಭಿ ಸಲುವಾಗಿ ಮಾಡೀವ್ರಿ."

ಸರ್ವರಿ ಆ ಹೊತ್ತಿಗೆ ಪಕ್ಕದ ಕೋಣೆಯಲ್ಲಿ ರೋಗಿಗಳ ಜೊತೆಗಿದ್ದಳು. ಬಸವಣಪ್ಪ ದನಿ ತಗ್ಗಿಸಿದ. ಹಳೆಯ ಪ್ರೋಗ್ರಾಮು ಬರೆದವನು ಅವಳ ಗಂಡ ಮುಜಾಫರ್. ಇದೇ ದವಾಖಾನೆಯಲ್ಲಿ, ಇದೇ ಕುರ್ಚಿಯಲ್ಲಿ ಕೂತು ಬರೆದದ್ದು. ಆರು ವರ್ಷದ ಹಿಂದೆ ಎದೆನೋವು ಬಂದು ಹೋಗಿಬಿಟ್ಟ.

"ಭಾರಿ ಮಜಾ ಮನಶ್ಯಾ ಅಂವ. ಪ್ರೋಗ್ರಾಮು ಚಾಲೂ ಮಾಡಿದ ಕೂಡ್ಲೇ ಹೆಸರು ಹಿಡದು, ‘ಆರಾಮ ಅದೀರಿ?’ ಅಂತ ಕೇಳ್ತದ. ಹೌದು ಅಂತ ಒತ್ತಿದ್ರ ಒಳಗ ಬಿಡ್ತದ. ಇಲ್ಲ ಅಂತ ಒತ್ತಿದ್ರ ಬಿಡಂಗಿಲ್ಲ, ಮತ್ತ ಅದನ್ನೇ ಕೇಳ್ತದ. ನಮಗೆಲ್ಲಾ ‘ಅದೀರಿ’ ಅಂತದ. ಅಕಿಗಿ ಮಾತ್ರ ‘ಸರ್ವರಿ, ಆರಾಮ ಅದಿ?’ ಅಂತದ."

ಸಂಜೀವಕುಮಾರ ಪರದೆಯ ಕಡೆ ಬಗ್ಗಿ ನೋಡಿದ.

"ಅಂವ ಹೋದ ಮ್ಯಾಲೂ ದಿನಾ ಮುಂಜಾನಿ ಕೇಳ್ತಾನ, ಅಕಿ ಹೂಂ ಅಂತಾಳ. ಹೌದು ಒತ್ತೂವಾಗ ಪರದೆ ಸೈತ ನೋಡಂಗಿಲ್ಲ, ಪಾಪ. ಮಾರಿ ಕಿಡಕಿ ಕಡಿ ತಿರುಗಿಸ್ತಾಳ. ಖರೇ ಹೇಳಬೇಕಂದ್ರ ನಮಗೂ ಈ ದರಿದ್ರದ್ದು ಬ್ಯಾಸರಾಗ್ಯಾದ. ಆದ್ರ ಗಂಡನ ಮಾತು ಅಂತ ಅದೊಂದೇ ಉಳದದ. ಹ್ಯಾಂಗ ಕಸಗೊಳ್ಳೂದ್ರಿ?"

"ಮತ್ತ ಫೋನ್ ಮಾಡಿದವರು ಯಾರು?"

"ವಾರಕ್ಕೊಮ್ಮೆ ಬರೋ ಡಾಕ್ಟರೇ ಇರಬೇಕು. ಅವರಿಗೇನ್ ಗೊತ್ತು, ಹೆಣಮಗಳ ಸಂಕಟ."

ಸಂಜೀವಕುಮಾರ ದಣಿದಿದ್ದ, ಕಲ್ಲಾಗಿರಲಿಲ್ಲ. ಊಟ ಬಿಟ್ಟು ಅದೇ ಕುರ್ಚಿಯಲ್ಲಿ ಕೂತ. ಕಣ್ಣು ಉರಿಯುವವರೆಗೆ ಕೂತ. ಹಳೆಯ ಹೆಸರುಗಳೆಲ್ಲ ಹೊಸದಕ್ಕೆ ಬಂದವು. ಆಮೇಲೆ, ಯಾರೂ ಕೇಳದಿದ್ದ ಒಂದು ಕೆಲಸವನ್ನೂ ಮಾಡಿ ಮುಗಿಸಿದ. ಕೊನೆಗೆ ಹಳೆಯದನ್ನು ಬೇರುಸಹಿತ ಅಳಿಸಿದ. ಬಸವಣಪ್ಪನೂ ಚಂದಮ್ಮನೂ ಹಿಂದೆ ನಿಂತು ನೋಡುತ್ತಿದ್ದರು. ಈ ಸಲ ಯಾರೂ ತಡೆಯಲಿಲ್ಲ. ಚಂದಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಸಂಜೆ, ರೋಗಿಗಳು ಕರಗಿದ ಮೇಲೆ ಸರ್ವರಿಯನ್ನು ಕರೆದರು.

"ಹಳೇದು ಹೋತ್ರಿ, ಭಾಭಿ. ಇನ್ನ ಅದು ತಿರುಗಿ ಬರಂಗಿಲ್ಲ" ಎಂದ ಬಸವಣಪ್ಪ.

"ಖರೇನಾ?" ಎಂದಳು ಸರ್ವರಿ. ಅವಳ ಭುಜ ಇಳಿಯಿತು, ಉದ್ದನೆಯ ಉಸಿರೊಂದು ಹೊರಬಂತು. ಅಳು ತಡೆಯುತ್ತಿದ್ದಾಳೆ ಎಂದು ಸಂಜೀವಕುಮಾರ ಗಡಬಡಿಸಿ ಹೇಳಿದ:

"ಮನಸಿಗಿ ಹಚ್ಚಿಕೋಬ್ಯಾಡ್ರಿ. ನಿಮ್ಮ ಯಜಮಾನರ ಮಾತು ಹೊಸಾದ್ರಾಗೂ ಇಟ್ಟೀನಿ. ಅವರು ಬರದಂಗೇ. ಈ ಕಂಪ್ಯೂಟರ್ ಇರೋತನಕ ಕೇಳ್ತದ."

ಪರದೆ ಬೆಳಗಿತು. ಹಸಿರು ಇಂಗ್ಲಿಷ್ ಅಕ್ಷರವಲ್ಲ, ಈಗ ದುಂಡನೆಯ ಕನ್ನಡ: ‘ಸರ್ವರಿ, ಆರಾಮ ಅದಿ?’ ಕೆಳಗೆ ‘ಹೌದು’, ‘ಇಲ್ಲ’.

ಸರ್ವರಿ ಕುರ್ಚಿಯಲ್ಲಿ ಕುಸಿದಳು. ಕಿಟಕಿಯ ಕಡೆ ತಿರುಗಲಿಲ್ಲ, ಪರದೆಯನ್ನೇ ನೋಡಿದಳು. ಮೌಸ್ ಹಿಡಿದು ‘ಇಲ್ಲ’ ಒತ್ತಿದಳು. ಅದೇ ಪ್ರಶ್ನೆ ಮತ್ತೆ ಬಂತು. ಮತ್ತೆ ‘ಇಲ್ಲ’ ಒತ್ತಿದಳು. ಮತ್ತೆ ಬಂತು.

"ಫೋನ್ ಮಾಡ್ತಿದ್ದಾಕಿ ನಾನ್ರಿ, ಸಾಹೇಬ್ರ" ಎಂದಳು. "ಆರು ವರ್ಷ ಆತು, ದಿನಾ ಮುಂಜಾನೆದ್ದು ಸತ್ತ ಗಂಡಗ ಆರಾಮ ಅದೀನಿ ಅಂತ ಸುಳ್ಳ ಹೇಳಿ ಹೇಳಿ ಸಾಕಾಗ್ಯಾದ."