ಗಜಾಲಾಳ ಬಿಂದಿಗೆ

ಗಜಾಲಾ ಎರಡನೇ ಲೋಟವನ್ನೂ ಗಟಗಟ ಕುಡಿದಾಗ ಮುನಿವೆಂಕಟಯ್ಯ ಹೆಗಲ ಮೇಲಿನ ಟವೆಲ್‌ನಿಂದ ಮೂಗು ಮುಚ್ಚಿಕೊಂಡ. ವೇದಿಕೆಯ ಮೇಲಿನ ಬಕೆಟ್‌ನಲ್ಲಿದ್ದುದು ಕಪ್ಪಗೆ, ಲೋಳೆಲೋಳೆಯಾಗಿ, ಮೇಲೆ ನೊರೆಗಟ್ಟಿತ್ತು. ಅದರ ನಾತ ಕೊನೆಯ ಸಾಲಿನವರೆಗೂ ಅಡರಿತ್ತು. ಗಲ್ಲದ ಮೇಲೆ ಇಳಿದದ್ದನ್ನೂ ಆಕೆ ಬೆರಳಿನಿಂದ ಬಳಿದು ನೆಕ್ಕಿದಳು. ಥೂ, ಇದಕ್ಕೂ ಕಲೆ ಅನ್ನುತ್ತಾರೆ.

ಹನ್ನೊಂದು ವರ್ಷಗಳಿಂದ ಆಕೆಯದು ಇದೇ ಕಸುಬು. ಯಶವಂತಪುರದಲ್ಲಿ ಮೂರು ದಿನ ಕೊಳೆತ ಟೊಮೆಟೊ ರಾಶಿಯಲ್ಲಿ ಕುತ್ತಿಗೆಯವರೆಗೆ ಹೂತು ಕೂತಿದ್ದಳಂತೆ. ಯಲಹಂಕದಲ್ಲಿ ಕ್ಷೌರದಂಗಡಿಗಳ ಕೂದಲು ಆಯ್ದು ಅಂಗಿ ಹೊಲಿದು ತೊಟ್ಟಿದ್ದಳಂತೆ. ವೇದಿಕೆಯ ಮೇಲೆ ಎಂದೂ ಮಾತಾಡಿದವಳಲ್ಲ, ಮಾಡಿದ್ದಕ್ಕೆ ಅರ್ಥ ಹೇಳಿದವಳೂ ಅಲ್ಲ. ನೋಡುವವರು ಏನು ಮಾಡುತ್ತಾರೋ ಅದೇ ಆಕೆಯ ಪ್ರದರ್ಶನ ಎಂದು ಬಲ್ಲವರು ಬರೆದಿದ್ದರು. ಮುನಿವೆಂಕಟಯ್ಯನಿಗೆ ಅದು ತಲೆಬುಡ ತಿಳಿಯದ ಮಾತು.

ಎದ್ದು ಹೋಗುವಂತಿರಲಿಲ್ಲ. ಕೊಡಿಗೇಹಳ್ಳಿಯ ಈ ಅಪಾರ್ಟ್‌ಮೆಂಟಿಗೆ ಐದು ವರ್ಷಗಳಿಂದ ನೀರು ಹೊಡೆಯುತ್ತಿದ್ದುದು ಅವನ ಟ್ಯಾಂಕರ್‌ಗಳೇ. ಮಕ್ಕಳಿಗೆ ವಾಂತಿಭೇದಿ ಎಂದು ನಿವಾಸಿಗಳು ಗೊಣಗತೊಡಗಿದ್ದರು. ಅವನನ್ನು ಬಿಡಿಸುವುದೋ ಉಳಿಸಿಕೊಳ್ಳುವುದೋ ಇಂದೇ ತೀರ್ಮಾನವಾಗಬೇಕಿತ್ತು. ಎಳನೀರಿನಂಥ ನೀರು ಎಂದು ಆಣೆ ಮಾಡಿದ್ದ ಅವನು, ವಾರ್ಷಿಕೋತ್ಸವಕ್ಕೆ ಒಂದು ಟ್ಯಾಂಕರ್ ಪುಕ್ಕಟೆ ಕಳಿಸಿ, ಹೆಂಡತಿ ಮುನಿಕೃಷ್ಣಮ್ಮನೊಡನೆ ಮುಂದಿನ ಸಾಲಿನಲ್ಲೇ ಕೂತಿದ್ದ.

"ಪ್ರೋಗ್ರಾಮ್ ಪೂರ್ತಿ ನೋಡಿ ಯಜಮಾನ್ರೇ. ಆಮೇಲೆ ನೀರಿನ್ ವಿಷ್ಯ ಮಾತಾಡೋ ಅಗತ್ಯಾನೇ ಇರಲ್ಲ," ಎಂದಿದ್ದಳು ಸಂಘದ ಅಧ್ಯಕ್ಷೆ ಗೌಹರ್. ಕೆಲಸ ಗಟ್ಟಿಯಾಯಿತು ಎಂದುಕೊಂಡಿದ್ದ ಅವನು.

ಬಕೆಟ್ ಬರಿದಾಯಿತು. ಗಜಾಲಾ ಖಾಲಿ ಬಿಂದಿಗೆ ಹಿಡಿದು, ಹೊರಗೆ ನಿಂತಿದ್ದ ಟ್ಯಾಂಕರ್ ಕಡೆಗೆ ಹೋಗಿ, ತುಂಬಿಸಿಕೊಂಡು ಬಂದಳು. ತಿಳಿಯಾದ ನೀರು. ಎಲ್ಲರಿಗೂ ಒಂದೊಂದು ಲೋಟ ಕೊಟ್ಟಳು. ಓಕರಿಸುತ್ತಿದ್ದ ಜನ ಬದುಕಿದೆವು ಎಂದು ಕುಡಿದರು. ಮುನಿವೆಂಕಟಯ್ಯ ಮಾತ್ರ ಮುಖ ಸಿಂಡರಿಸಿ ಬೇಡವೆಂದ. ಆ ಗಲೀಜು ಕೈಯಿಂದ ಯಾರು ಕುಡಿದಾರು. ಮನೆಯಿಂದ ತಂದಿದ್ದ ಬಾಟಲಿ ಬಾಯಿ ಮುಕ್ಕಳಿಸಿಯೇ ಖಾಲಿಯಾಗಿತ್ತು. ಗಂಟಲು ಒಣಗಿದ್ದರೂ ಉಗುಳು ನುಂಗಿಕೊಂಡು ಕೂತ.

ಗಜಾಲಾ ಅದೇ ಲೋಟವನ್ನು ಮುನಿಕೃಷ್ಣಮ್ಮನತ್ತ ಚಾಚಿದಳು.

"ಇತ್ಲಾಗ್ ಕೊಡಮ್ಮ, ವಾಂತಿ ಬಂದಂಗಾಗೈತೆ," ಎಂದು ಅವಳು ಇಸಿದುಕೊಂಡು ತುಟಿಗೆ ಎತ್ತಿದಳು.

ಮುನಿವೆಂಕಟಯ್ಯ ಲೋಟವನ್ನು ಹೊಡೆದು ಕೆಡವಿದ. "ಕುಡೀಬ್ಯಾಡ ಕಣೇ, ಅದ್ ನಮ್ ಟ್ಯಾಂಕರ್ ನೀರು."

ಕುಡಿದವರೆಲ್ಲ ಕೈಯಲ್ಲಿದ್ದ ಲೋಟ ಕೆಳಗಿಟ್ಟು ಅವನತ್ತ ತಿರುಗಿದರು. ಗಜಾಲಾ ಪ್ರೇಕ್ಷಕರಿಗೆ ಕೈಮುಗಿದು, ಪ್ರದರ್ಶನ ಮುಗಿಯಿತೆಂಬಂತೆ ಒಳಗೆ ಹೋದಳು.

ಆಮೇಲೆ ಗೌಹರ್ ಎದ್ದು ನಿಂತು, ಬಕೆಟ್‌ನಲ್ಲಿದ್ದುದು ಒಣಮೀನು ನೆನೆಸಿದ ರಾಗಿ ಗಂಜಿ, ಬಿಂದಿಗೆಯಲ್ಲಿದ್ದುದು ಅಂಗಡಿಯಿಂದ ತಂದ ಕ್ಯಾನ್ ನೀರು, ಟ್ಯಾಂಕರಿನ ನಲ್ಲಿಯನ್ನು ಬೆಳಗ್ಗೆಯಿಂದ ಯಾರೂ ಮುಟ್ಟಿಯೇ ಇಲ್ಲ ಎಂದು ತಿಳಿಸಿದಳು.