ನೀರಿನಲ್ಲಿದ್ದವನು

ಶೀನ ಖಾರ್ವಿಯ ದೋಣಿ ಮಗುಚಿದ ದಿನ, ಖಾಲಿ ಡೀಸೆಲ್ ಕ್ಯಾನ್ ತಬ್ಬಿಕೊಂಡು ತೇಲುತ್ತಿದ್ದ ಅವನ ಹತ್ತಿರದಲ್ಲೇ ಒಂದು ಬೋಟು ಹಾದುಹೋಗಿತ್ತು. ಚುಕ್ಕಾಣಿ ಹಿಡಿದಿದ್ದವನು ಶೀನನ ಬಂದರಿನವನೇ, ಕುಷ್ಟ ಎಂಬವನು. ಶೀನ ಕೈ ಬೀಸಿ ಕೂಗಿದ. ಕುಷ್ಟ ಅವನನ್ನು ನೆಟ್ಟ ಕಣ್ಣಿನಿಂದ ನೋಡಿ, ಮುಖ ತಿರುಗಿಸಿಕೊಂಡು ಹೋಗಿಬಿಟ್ಟ. ಸಂಜೆಯ ಹೊತ್ತಿಗೆ ಬೇರೆ ಯಾರೋ ಬಂದು ಶೀನನನ್ನು ಎತ್ತಿಕೊಂಡರು. ಜೊತೆಗಿದ್ದ ಅವನ ತಮ್ಮ ಸಿಗಲೇ ಇಲ್ಲ.

ಶೀನ ಅಳಲಿಲ್ಲ. ಕುಷ್ಟನ ಸುದ್ದಿಯನ್ನು ಯಾರ ಹತ್ತಿರವೂ ಎತ್ತಲಿಲ್ಲ. ಮತ್ತೆ ಮೀನಿಗೆ ಹೊರಟಾಗ ಹೆಂಡತಿ ತಡೆದು ಕೇಳಿದಳು.

"ನಿಮಗೆ ಕಡಲಿನ ಮೇಲೆ ಸಿಟ್ಟು ಬರುದಿಲ್ವಾ?"

"ಕಡಲಿಗೆ ಕಣ್ಣಿಲ್ಲ ಮಾರಾಯ್ತಿ. ಅದಕ್ಕೆ ನಾವು ಕಾಣುದಿಲ್ಲ," ಎಂದ.

ಬಂದರಿನ ಚಾ ಅಂಗಡಿಯಲ್ಲಿ ಕುಷ್ಟ ಎದುರಾದರೆ ಇಬ್ಬರೂ ತಲೆ ತಗ್ಗಿಸಿ ಚಾ ಕುಡಿದು ಎದ್ದುಹೋಗುತ್ತಿದ್ದರು.

ಮರುವರ್ಷ, ಗಾಳಿ ಎದ್ದ ಒಂದು ಮಧ್ಯಾಹ್ನ, ದೂರದ ಅಲೆಗಳ ನಡುವೆ ಶೀನನಿಗೆ ಒಂದು ತಲೆ ಕಂಡಿತು. ನೀರಿಗೆ ಬಿಟ್ಟಿದ್ದ ಬಲೆಯನ್ನು ಕಡಿದು ಹಾಕಿ ಬೋಟು ತಿರುಗಿಸಿದ. ಹಗ್ಗ ಎಸೆದು ಎಳೆದುಕೊಂಡ. ಬೋರಲು ಬಿದ್ದವನನ್ನು ಹೊರಳಿಸಿ ನೋಡಿದರೆ ಕುಷ್ಟ.

ಶೀನ ತನ್ನ ಒಣ ಅಂಗಿಯನ್ನು ಅವನಿಗೆ ಹೊದಿಸಿ, ಗಂಜಿ ತಿಳಿ ಕುಡಿಸಿದ. ನಡುಕ ನಿಂತ ಮೇಲೆ ಕುಷ್ಟ ಅವನ ಕಾಲು ಹಿಡಿದುಕೊಂಡ.

"ಅವತ್ತು ನಿನ್ನ ಕಂಡೂ ಬಿಟ್ಟು ಹೋದೆ. ಎದುರಿಗೆ ಬಂಗುಡೆ ಹಿಂಡು ಇತ್ತು, ಆಸೆ ಬಿಡ್ಲಿಲ್ಲ. ಅಷ್ಟಾದ್ರೂ ನೀನು ನನ್ನ ಎತ್ತಿದೆ. ನೀನು ದೇವ್ರು ಮಾರಾಯ."

ಶೀನ ಮೆಲ್ಲನೆ ಕಾಲು ಬಿಡಿಸಿಕೊಂಡು ಚುಕ್ಕಾಣಿಯ ಕಡೆಗೆ ನಡೆದ.

"ನೀನು ಅಂತ ದೂರದಿಂದ ಗೊತ್ತಾಗ್ಲಿಲ್ಲ," ಎಂದ.