ಮದುವೆ ಗಡಿಗೆಯ ಮೇಲಿನ ಹೆಸರು

ಆಗ ನನಗೆ ಎಂಟು ವರ್ಷ. ಅದಾಗಿ ಅರವತ್ತು ವರ್ಷದ ಮೇಲಾಯಿತು. ಇಲ್ಲಿ ಜಪಾನಿನ ಓಜಿಮಾದ ಮನೆಯಲ್ಲಿ ಮೊಮ್ಮಗಳು ಶಾಲೆಯ ಕೆಲಸವೆಂದು ಹಸಿಮಣ್ಣಿನ ಬಿಲ್ಲೆಯ ಮೇಲೆ ಕಡ್ಡಿ ಒತ್ತುತ್ತ, "ಅಜ್ಜಿ, ಇದು ಇರಾಕ್‌ದು, ಸಾಯಬಾರ್ದು ಅಂತ ಹೊರಟ ಕಿಂಗ್ ಸ್ಟೋರಿ. ಫಸ್ಟ್ ಬರೀ ಹಾಡ್ತಿದ್ರು, ಆಮೇಲೆ ಕ್ಲೇ ಮೇಲೆ ಬರೆದ್ರು. ಪ್ಯಾಲೇಸ್‌ಗೆ ಬೆಂಕಿ ಬಿತ್ತು, ಕ್ಲೇ ಬೆಂದು ಗಟ್ಟಿ ಆಯ್ತು. ಅದಕ್ಕೇ ಇವತ್ತೂ ಓದ್ತೀವಿ. ಸುಗೊಯ್, ಸೂಪರ್ ಅಲ್ವಾ?" ಎನ್ನುತ್ತಾಳೆ. ಆ ಮಣ್ಣಿನ ವಾಸನೆಗೆ ನನಗೆ ಅಪ್ಪನ ಅಂಗಳ ನೆನಪಾಗುತ್ತದೆ.

ಅಪ್ಪ ಕುಂಬಾರ, ಅಕ್ಷರ ಬಾರದವನು. ನಾನು ಆಗಷ್ಟೇ ಹೆಸರು ಬರೆಯಲು ಕಲಿತಿದ್ದೆ. ಒಣಗಲು ಇಟ್ಟಿದ್ದ ಮದುವೆ ಗಡಿಗೆಯೊಂದರ ಮೇಲೆ ಪೊರಕೆ ಕಡ್ಡಿಯಿಂದ ನನ್ನ ಹೆಸರು ಗೀರಿದೆ. ಅಪ್ಪ ಅದನ್ನು ಆವಿಗೆಯಲ್ಲಿ ಸುಟ್ಟು, ಗೀರಿನೊಳಗೆ ಸುಣ್ಣ ತುಂಬಿ, ಎಲ್ಲಕ್ಕಿಂತ ಮುಂದೆ ಇಟ್ಟ.

ಗಡಿಗೆ ಒಯ್ಯುವ ದಿನ ಮಧ್ಯಾಹ್ನ ಮದುವೆ ಮನೆಯವರು ವಾಲಗದೊಂದಿಗೆ ಬಂದರು. ಮದುಮಗಳ ಸೋದರಮಾವ ಆ ಗಡಿಗೆ ಎತ್ತಿ ಹೆಸರು ಓದಿದ.

"ಏನೋ, ಮದುವೆ ನಮ್ಮ ಹುಡುಗೀದೋ, ನಿನ್ನ ಮಗಳದೋ?"

ಅಪ್ಪನಿಗೆ ಅರ್ಥವಾಗಲಿಲ್ಲ. "ಬಳ್ಳಿ ಚಿತ್ರ ಅಲ್ವಾ ಸ್ವಾಮಿ? ಚೆಂದ ಕಾಣ್ತು, ಬಿಳಿ ತುಂಬ್ದೆ."

"ಬಳ್ಳಿಯಂತೆ! ನಿನ್ನ ಮಗಳ ಹೆಸರು ಕಣೋ!"

ವಾಲಗದವರೂ ನಕ್ಕರು. ಅಪ್ಪನೂ ನಕ್ಕ. ಅದೊಂದನ್ನು ಬಿಟ್ಟು ಉಳಿದ ಗಡಿಗೆ ಹೊತ್ತು ಅವರು ಹೋದರು. ಅಪ್ಪ ಗೀರುಗಳ ಮೇಲೆ ಬೆರಳಾಡಿಸಿ, "ನಿನ್ನ ಹೆಸರು ಎಲ್ಲಿಂದ ಶುರು ಆಗ್ತದೆ ಮಗಾ?" ಎಂದು ಕೇಳಿದ. ನಾನು ಒಳಗೆ ಓಡಿ ಸ್ಲೇಟು ಅಡಗಿಸಿಟ್ಟೆ.

ಮರುದಿನ ಬೆಳಿಗ್ಗೆ ನಾನು ಶಾಲೆಗೆ ಹೋಗಲಿಲ್ಲ. ಅಪ್ಪ ಏಳುವ ಮೊದಲೇ ಮಣ್ಣು ತುಳಿಯಲು ನಿಂತೆ.